ಹೆಣದ ಬಟ್ಟೆ, ಗಾಯದ ಪಟ್ಟಿ

ಹೆಣದ ಮೇಲೆ ಹೊದಿಸಿದ ಬಟ್ಟೆ ಮಹಾರರದು. ಯಾರು ಬರೆದಿಟ್ಟಿದ್ದರೋ ಏನೋ, ಇಚಲಕರಂಜಿಯಲ್ಲಿ ಅದು ಎಲ್ಲರಿಗೂ ಗೊತ್ತಿತ್ತು. ಪಂಚಗಂಗೆಯ ದಂಡೆಗೆ ಹೆಣ ಬರುತ್ತಿತ್ತು. ಸ್ಮಶಾನದ ಕೆಲಸದ ಮಹಾರ ನಾಮದೇವ ಕಟ್ಟಿಗೆ ಒಟ್ಟುತ್ತಿದ್ದ. ಹೆಣ ಏರಿಸುವ ಮೊದಲು ಮೇಲಿನ ಬಟ್ಟೆ ಎಳೆದು ಅವನ ಕಡೆ ಒಗೆಯುತ್ತಿದ್ದರು. ಅದೇ ಅವನ ಕೂಲಿ. ಅವನ ಹೆಂಡತಿ ಮಾಯವ್ವ ಅದನ್ನು ಹೊಳೆಯಲ್ಲಿ ಹಿಂಡಿ ಬಂಡೆಯ ಮೇಲೆ ಹರವುತ್ತಿದ್ದಳು. ಒಣಗಿದರೆ ಅದೇ ಅವನ ಧೋತರ, ಅದೇ ಅವಳ ಸೀರೆ. ಮಾಯವ್ವ ಗಡಹಿಂಗ್ಲಜ ಕಡೆಯ ಹಳ್ಳಿಯಿಂದ ಲಗ್ನವಾಗಿ ಬಂದು ಇಪ್ಪತ್ತು ವರ್ಷ. ಈ ಇಪ್ಪತ್ತು ವರ್ಷ ಅವಳು ಉಟ್ಟದ್ದೆಲ್ಲ ಸತ್ತವರದು.

ಆ ಬಟ್ಟೆಯನ್ನು ಬೇರೆ ಯಾರೂ ಕೋಲಿನಿಂದಲೂ ಮುಟ್ಟುತ್ತಿರಲಿಲ್ಲ. ಲಡಾಯಿ ಬರುವ ತನಕ.

ಲಡಾಯಿ ಎಲ್ಲೋ ನಡೆದಿತ್ತು. ಇಲ್ಲಿ ಮೊದಲು ಚಿಮಣಿ ಎಣ್ಣೆ ಹೋಯಿತು, ಆಮೇಲೆ ಜೋಳ ಹೋಯಿತು, ಆಮೇಲೆ ಬಟ್ಟೆ ಹೋಯಿತು. ಊರ ತುಂಬ ಮಗ್ಗ ಹಗಲೆಲ್ಲ ಖಟಖಟ ಅನ್ನುತ್ತಿದ್ದವು. ಮಗ್ಗ ನಡೆಸುವವನ ಹೆಂಡತಿಗೆ ಉಡಲಿಕ್ಕೆ ಎರಡನೇ ಸೀರೆ ಇರಲಿಲ್ಲ. ನೇಯ್ದದ್ದು ಎಲ್ಲಿಗೆ ಹೋಗುತ್ತದೆ ಅಂತ ಕೇಳಿದರೆ ಮಾಲೀಕರು "ಲಡಾಯಿಗೆ" ಅನ್ನುತ್ತಿದ್ದರು. ಆ ಒಂದು ಮಾತಿಗೆ ಯಾರೂ ಎದುರಾಡುವ ಹಾಗಿರಲಿಲ್ಲ.

ಸಾವಿರದ ಒಂಬೈನೂರ ನಾಲ್ವತ್ತನಾಲ್ಕರ ಬೇಸಿಗೆಯಲ್ಲಿ ಕೃಷ್ಣಾತ ಸ್ಮಶಾನಕ್ಕೆ ಬಂದ. ಅವನು ಆಬಾಸಾಹೇಬನ ಮುಕಾದಮ, ಆಳುಗಳ ಮೇಲ್ವಿಚಾರಕ. ಆಬಾಸಾಹೇಬನಿಗೆ ಊರಲ್ಲಿ ಎರಡು ಶೆಡ್ಡು ತುಂಬ ಮಗ್ಗ ಇದ್ದವು. ಪಲ್ಟನ್ನಿನ ದವಾಖಾನೆಗೆ ಗಾಯದ ಪಟ್ಟಿ ಒದಗಿಸುವ ಗುತ್ತಿಗೆ ಅವನಿಗೆ ಸಿಕ್ಕಿತ್ತು. ಕೃಷ್ಣಾತ ಹತ್ತು ಮಾರು ದೂರ ನಿಂತು ಮೂಗಿಗೆ ಟಾವೆಲ್ ಹಿಡಿದ.

"ಏ ನಾಮ್ಯಾ, ಇನ್ನ ಮ್ಯಾಲ ಹೆಣದ ಅರಿವಿ ಎಲ್ಲಾ ನಮ್ಮ ಹಿಂದಿನ ಶೆಡ್ಡಿಗೆ ತಂದು ಹಾಕ್ರಿ. ಅರಿವಿಗೆ ಒಂದು ಸೇರು ಜೋಳಾ."

ನಾಮದೇವ ನಕ್ಕುಬಿಟ್ಟ. "ಸಾವಕಾರ್ರಿಗೆ ಹೆಣದ ಅರಿವಿ ಏನ ಮಾಡಾಕ್ರಿ?"

"ಅದು ನಿನಗ್ಯಾಕ? ಜೋಳಾ ಬೇಕೋ ಬ್ಯಾಡೋ?"

ಜೋಳ ಬೇಕಾಗಿತ್ತು. ಎರಡು ದಿನದಿಂದ ಒಲೆ ಹೊತ್ತಿಸಿರಲಿಲ್ಲ.

"ನಿನ್ನ ಹೇಣ್ತೀನೂ ಕಳಸು. ಒಗ್ಯಾಕ ಹೆಣ್ಮಕ್ಕಳು ಬೇಕಾಗ್ಯಾರ," ಅಂದು ಕೃಷ್ಣಾತ ಹೋದ.

ಹಿಂದಿನ ಶೆಡ್ಡು ಅಂದರೆ ನಾಲ್ಕು ತಗಡು, ಮೂರು ದೊಡ್ಡ ಹಂಡೆ, ಒಂದು ನಾಲೆ. ಮಹಾರವಾಡೆಯ ಐದು ಹೆಂಗಸರು ಅಲ್ಲಿ ದುಡಿದರು. ಎಲ್ಲರಿಗಿಂತ ದೊಡ್ಡವಳು ನಾಗೂಬಾಯಿ, ಮುಂಡೆ, ಹಲ್ಲಿಲ್ಲದವಳು. ಸುತ್ತಿನ ಎಂಟು ಹತ್ತು ಊರಿನ ಸ್ಮಶಾನದಿಂದ ಬಟ್ಟೆ ಬರುತ್ತಿತ್ತು. ಕಾಲರಾದವರದು ಬರುತ್ತಿತ್ತು. ದೇವಿ, ಅಂದರೆ ಸಿಡುಬು, ಬಂದು ಸತ್ತವರದು ಬರುತ್ತಿತ್ತು, ಕೀವು ಒಣಗಿ ಹಪ್ಪಳದಂತೆ ಆದದ್ದು. ಬಾಣಂತಿಯರದು ಬರುತ್ತಿತ್ತು. ಅದನ್ನೆಲ್ಲ ಸೋಡಾ ನೀರಿನ ಹಂಡೆಗೆ ಹಾಕಿ ಕೋಲಿನಿಂದ ತಿರುವಬೇಕು.

ಮೊದಲ ದಿನ ಮಾಯವ್ವ ಚೀರಿದಳು. ಮುತ್ತೈದೆಯ ಹೆಣದ ಬಿಳಿ ಬಟ್ಟೆ ಹಂಡೆಗೆ ಬಿದ್ದ ಕೂಡಲೇ ಕೆಂಪಗೆ ಆಯಿತು.

"ರಗತ! ಯವ್ವಾ, ರಗತ ಬರಾಕತ್ತೈತಿ!"

"ರಗತ ಅಲ್ಲ ಬೇ, ಅರಿಷಿಣಾ," ಅಂದಳು ನಾಗೂಬಾಯಿ. "ಸೋಡಾ ಹತ್ತಿದರ ಹಂಗ ಕೆಂಪಾಕ್ಕೈತಿ. ಹಿಂಡು ಹಿಂಡು, ಹೋಗತೈತಿ."

ಉರುವಲು ಉಳಿಸಲಿಕ್ಕೆ ಅರೆಬರೆ ಕುದಿಸಿದ ಮೇಲೆ ಡಬ್ಬಿಯಲ್ಲಿ ಬರುವ ಒಂದು ಬಿಳಿ ಪುಡಿಯ ನೀರಿನಲ್ಲಿ ಅದ್ದಬೇಕು. ಅದರ ಘಾಟಿಗೆ ಕಣ್ಣು ಉರಿಯುತ್ತಿತ್ತು, ಎದೆ ಹಿಡಿಯುತ್ತಿತ್ತು. ವಾರದೊಳಗೆ ಮಾಯವ್ವನ ಬೆರಳ ಸಂದಿಯ ಚರ್ಮ ಸುಲಿಯಿತು. ಎರಡನೇ ತಿಂಗಳಿಗೆ ಉಗುರು ಮೆತ್ತಗಾಗಿ ತಾವಾಗಿಯೇ ಕಿತ್ತು ಬಂದವು. ರೊಟ್ಟಿ ಬಡಿಯಲಿಕ್ಕೆ ಬರುತ್ತಿರಲಿಲ್ಲ. ಜೋಳ ಸಿಕ್ಕಿತು, ರೊಟ್ಟಿ ಬಡಿಯುವ ಕೈ ಹೋಯಿತು. ಅಂಬಲಿ ಕುಡಿದರು.

ಒಣಗಿದ ಬಟ್ಟೆಯ ಅಂಚು ಹರಿದು, ನಾಲ್ಕು ಬೆರಳು ಅಗಲ ಪಟ್ಟಿ ಕತ್ತರಿಸಿ, ಬಿಗಿಯಾಗಿ ಸುತ್ತಿ ಬುಟ್ಟಿಗೆ ಹಾಕಬೇಕು. ಬುಟ್ಟಿಯನ್ನು ಹೊಸ್ತಿಲ ಹೊರಗೆ ಇಟ್ಟು ಹಿಂದೆ ಸರಿಯಬೇಕು. ಆಮೇಲೆ ಕೃಷ್ಣಾತ ಒಳಗಿನಿಂದ ತಂಬಿಗೆ ತಂದು ಬುಟ್ಟಿಯ ಮೇಲೆ ನಾಲ್ಕು ಹನಿ ನೀರು ಚಿಮುಕಿಸುತ್ತಿದ್ದ. ಕಾಲರಾ ಅವನಿಗೆ ಮೈಲಿಗೆ ಅಲ್ಲ. ಕೀವು ಮೈಲಿಗೆ ಅಲ್ಲ. ಮಾಯವ್ವನ ಕೈ ಮೈಲಿಗೆ. ನಾಲ್ಕು ಹನಿ ಬಿದ್ದ ಮೇಲೆ ಎಲ್ಲಾ ಶುದ್ಧ. ಒಳಗೆ ಅದಕ್ಕೆ ನೀಲಿ ಕಾಗದ ಸುತ್ತಿ ಇಂಗ್ಲಿಷ್ ಅಕ್ಷರದ ಶಿಕ್ಕಾ ಹೊಡೆಯುತ್ತಿದ್ದರು.

ಮುಂದಿನ ಶೆಡ್ಡಿನಲ್ಲಿ ಹೊಸ ಬಟ್ಟೆ ನೇಯುತ್ತಿದ್ದರು. ಪಟ್ಟಿಗೆ ಅಂತಲೇ ಸರಕಾರ ಕೊಟ್ಟ ನೂಲು ಅದು. ಆ ಬಟ್ಟೆ ಎತ್ತಿನ ಗಾಡಿಯಲ್ಲಿ ಕಬ್ಬಿನ ಒಣಗರಿ ರವದಿಯ ಕೆಳಗೆ ಮಲಗಿ ಕೊಲ್ಲಾಪುರ ಸಂಸ್ಥಾನದ ಗಡಿ ದಾಟುತ್ತಿತ್ತು. ಕಾಳಾಬಜಾರದಲ್ಲಿ ಒಂದಕ್ಕೆ ಐದು. ಅದರ ಬದಲಿಗೆ ಪಲ್ಟನ್ನಿಗೆ ಹೋಗುವುದು ಹಿಂದಿನ ಶೆಡ್ಡಿನದು. ಆ ವರ್ಷ ಆಬಾಸಾಹೇಬ ಮನೆಯ ಮೇಲೆ ಇನ್ನೊಂದು ಅಂತಸ್ತು ಏರಿಸಿದ.

ಹೆಂಗಸರಿಗೆ ಇದು ಯಾವುದೂ ಗೊತ್ತಿರಲಿಲ್ಲ. ಪಟ್ಟಿ ಯಾತಕ್ಕೆ ಅಂತ ಮಾಯವ್ವ ಒಮ್ಮೆ ಕೇಳಿದ್ದಳು. "ಮಿಶಿನ್ ಒರಸಾಕ," ಅಂದಿದ್ದ ಕೃಷ್ಣಾತ.

ಮುಂದಿನ ವರ್ಷ ಹೋಳಿ ಹುಣ್ಣಿಮೆಯ ಮುಂದೆ ಮಾಯವ್ವನ ತಮ್ಮ ಹಾಲಸಿದ್ದ ಬಂದ. ಮೂರು ವರ್ಷದ ಹಿಂದೆ ಮಹಾರರ ಪಲ್ಟನ್ನಿಗೆ ಭರ್ತಿಯಾಗಿ ಬರ್ಮಾ ಕಡೆ ಹೋದವನು. ಖಾಕಿ ಕೋಟು ಹಾಕಿದ್ದ. ಕೋಟಿನ ಎಡತೋಳು ಮೊಣಕೈಯ ಕೆಳಗೆ ಖಾಲಿ ತೂಗುತ್ತಿತ್ತು.

ಮಾಯವ್ವ ಅತ್ತಳು. ಅವನು ಅಳಲಿಲ್ಲ. ಜಗಲಿಯ ಮೇಲೆ ಕೂತು ಅಂಬಲಿ ಕುಡಿದ. ಕುಡಿಯುತ್ತ ಅಕ್ಕನ ಕೈ ನೋಡಿದ. ಸುಲಿದ ಬೆರಳಿಗೆ ಅವಳು ಶೆಡ್ಡಿನ ಒಂದು ಹರಕು ಪಟ್ಟಿ ಸುತ್ತಿಕೊಂಡಿದ್ದಳು. ಅವನು ಪಾತ್ರೆ ಕೆಳಗೆ ಇಟ್ಟ.

"ಅಕ್ಕಾ, ಈ ಪಟ್ಟಿ ಎಲ್ಲೀದು?"

"ನಾವ ಮಾಡೋದು. ಸಾವಕಾರ್ರ ಶೆಡ್ಡಿನ್ಯಾಗ. ಮಿಶಿನ್ ಒರಸಾಕಂತ."

"ಯಾವ ಅರಿವೀಲೆ ಮಾಡತೀರಿ?"

ಅವಳು ಹೇಳಿದಳು. ಹಾಲಸಿದ್ದ ಕೋಟಿನ ಖಾಲಿ ತೋಳು ಮೊಣಕೈ ತನಕ ಮಡಿಚಿದ.

"ಗುಂಡು ಇಲ್ಲಿ ಹೊಕ್ಕಿತ್ತು," ಅಂದು ಖಾಲಿ ತೋಳಿನ ಕಡೆ ತೋರಿಸಿದ. "ಸಣ್ಣ ತೂತು. ಡಾಕ್ಟರ್ ಸಾಹೇಬ ಗುಂಡು ತಗದ, ಹದಿನೈದು ದಿನದಾಗ ಆರತೈತಿ ಅಂದ. ಪಟ್ಟಿ ಕಟ್ಟಿದ್ರು. ಮೂರನೇ ದಿನ ಕೈ ಬಾತು ಹಸರಾತು. ಗಾಯಾ ತೊಳಿಯೂ ಸಾಬಾಣದ ನೀರು ಬಿದ್ದರ ಪಟ್ಟಿ ಕೆಂಪಾಗತಿತ್ತು. ರಗತ ಇರಲಿಲ್ಲ, ಆದರೂ ಕೆಂಪಾಗತಿತ್ತು. ಎಲ್ಲಾರೂ ಇದೇನು ಅಂತ ನೋಡ್ತಿದ್ರು. ನನ್ನ ಖೋಲಿಯೊಳಗ ಏಳು ಮಂದೀ ಕೈ ಕಾಲು ಹಿಂಗ ಕಡದ್ರು. ಇಬ್ಬರು ಸತ್ರು."

ಮಾಯವ್ವ ಬೆರಳಿನ ಪಟ್ಟಿ ಎಳೆದು ಬಿಚ್ಚಿದಳು. "ನನ್ನ ಕೈಯಾಗಿನದ ಏನೋ ತಮ್ಮಾ ಅದು?"

"ಯಾರಿಗೆ ಗೊತ್ತಕ್ಕಾ. ದೇಶದ ತುಂಬ ಇಂಥಾ ಆಬಾಸಾಹೇಬ ಎಷ್ಟು ಮಂದಿ ಇದ್ದಾರೋ."

ಹೌದು ಅಂದಿದ್ದರೆ ಅವಳು ಎದೆ ಬಡಿದುಕೊಂಡು ಅಳುತ್ತಿದ್ದಳು. ಅಲ್ಲ ಅಂದಿದ್ದರೆ ಮಲಗುತ್ತಿದ್ದಳು. ಅವನು ಎರಡೂ ಅನ್ನಲಿಲ್ಲ.

ಮರುದಿನ ಮಾಯವ್ವ ಶೆಡ್ಡಿಗೆ ಹೋದಳು. ಅದರ ಮರುದಿನವೂ ಹೋದಳು. ಮನೆಯಲ್ಲಿ ಈಗ ತಿನ್ನುವವರು ಮೂವರು. ಹಂಡೆಯಲ್ಲಿ ಕೋಲು ತಿರುವುತ್ತ ಅವಳಿಗೆ ತಮ್ಮನ ಕೈ ಕಾಣುತ್ತಿತ್ತು. ಯಾರ ಮೈಗೋ ಹೋಗಿ ಕೂರುವ ಕೀವು ಇದು ಅಂತ ಗೊತ್ತಿತ್ತು. ಗೊತ್ತಿದ್ದೂ ಹದಿನೈದು ದಿನ ಹೋದಳು. ಸಂಜೆ ಜೋಳ ಸೆರಗಿಗೆ ಕಟ್ಟಿಕೊಂಡು ಬರುವಾಗ ತಮ್ಮನ ಮುಖ ನೋಡುತ್ತಿರಲಿಲ್ಲ. ಅದೇ ಜೋಳದ ಅಂಬಲಿ ಅವನೂ ಕುಡಿದ.

ಹದಿನಾರನೇ ದಿನ ಆಬಾಸಾಹೇಬನ ತಾಯಿ ಹೀರಾಬಾಯಿ ಸತ್ತಳು.

ಊರೇ ಬಂತು. ವಕೀಲರು ಬಂದರು, ಮಾಮಲೇದಾರ ಬಂದ, ಮಗ್ಗದ ಮಾಲೀಕರೆಲ್ಲ ಬಂದರು. ಬ್ಯಾಂಡು ಊದಿಸಿದರು. ಮುದುಕಿಯ ಮೇಲೆ ಕೋರಾ ಬಿಳಿ ಬಟ್ಟೆ, ಅದರ ಮೇಲೆ ರೇಷ್ಮೆ ಶಾಲು. ಅಂಥ ಬಟ್ಟೆ ಊರು ಎರಡು ವರ್ಷದಿಂದ ಕಂಡಿರಲಿಲ್ಲ. ಮಂದಿ ಮುದುಕಿಯನ್ನು ಬಿಟ್ಟು ಬಟ್ಟೆಯನ್ನೇ ನೋಡಿದರು.

ನಾಮದೇವ ಕಟ್ಟಿಗೆ ಒಟ್ಟಿ ಮುಗಿಸಿ ಬೆವರು ಒರಸಿಕೊಳ್ಳುತ್ತಿದ್ದ. ಮಾಯವ್ವ ತುಪ್ಪದ ಡಬ್ಬಿಗಳಿಂದ ದೂರ, ಕುಳ್ಳಿನ ರಾಶಿಯ ಹತ್ತಿರ ನಿಂತಿದ್ದಳು. ಕೃಷ್ಣಾತ ಅವಳ ಕಡೆ ಬಂದು ದನಿ ತಗ್ಗಿಸಿದ.

"ಮಾಯೀ, ಬಾಯಿಸಾಹೇಬರ ಅರಿವಿ ಶೆಡ್ಡಿಗೆ ತರಬ್ಯಾಡ್ರಿ. ಹೆಣದ ಜೋಡಿ ಸುಟ್ಟಬಿಡ್ರಿ. ಸಾವಕಾರ್ರು ಹೇಳ್ಯಾರ."

"ಯಾಕ್ರಿ?"

"ಹೇಳಿದಷ್ಟು ಮಾಡು."

"ಯಾಕ್ರಿ, ಅಂತ ಕೇಳೀನಿ."

"ಎಷ್ಟಂದ್ರೂ ಅವರ ತಾಯಿ ಬೇ. ಅವರ ಮೈಮ್ಯಾಲಿಂದು ಎಲ್ಲೆಲ್ಲೋ ಹೋಗಬಾರದು."

ಮಾಯವ್ವನ ಮೈಯೆಲ್ಲ ಉರಿಯಿತು. ಸೋಡಾ ನೀರು ಬಿದ್ದಾಗ ಕೈ ಉರಿಯುವ ಹಾಗೆ, ಆದರೆ ಒಳಗಿನಿಂದ. ಅವಳು ಕುಳ್ಳಿನ ರಾಶಿ ದಾಟಿ ಮುಂದೆ ಬಂದಳು. ಬರಬಾರದ ಜಾಗಕ್ಕೆ ಬಂದಳು. ಸನಿಹದವರು ಹಿಂದೆ ಸರಿದರು.

"ಸಾವಕಾರ್ರ!" ಅಂದಳು. ಬ್ಯಾಂಡಿನವರು ಊದುವುದು ನಿಲ್ಲಿಸಿದರು. "ಊರಾಗಿನ ಎಲ್ಲಾರ ಅವ್ವಗೋಳ ಹೆಣದ ಅರಿವಿ ನಿಮ್ಮ ಶೆಡ್ಡಿನ್ಯಾಗ ಕುದಿಸೀನಿ. ಈ ಕೈಲೆ ಕತ್ತರಿಸೀನಿ, ಸುತ್ತಿ ಕೊಟ್ಟೀನಿ. ಪಲ್ಟನ್ಯಾಗಿನ ಹುಡುಗರ ಹಸೀ ಗಾಯಕ್ಕ ಅದು ನಡೀತೈತಿ. ನಿಮ್ಮವ್ವಂದು ಯಾಕ ನಡ್ಯಾಂಗಿಲ್ಲ?"

ಮಂದಿಯಲ್ಲಿ ಒಬ್ಬ ವಕೀಲ ಮುಂದೆ ಬಂದ.

"ಏನಂದಿ?" ಅಂದ. "ನಮ್ಮ ಅಪ್ಪಂದೂ?"

"ನಿಮ್ಮ ಅಪ್ಪಾರದೂ ರೀ. ಕರೀ ಅಂಚಿನ ಧೋತರ. ಶ್ರಾವಣದಾಗ. ಅಂಚು ನಾನ ಹರದೀನಿ."

ಎಲ್ಲರೂ ಆಬಾಸಾಹೇಬನ ಕಡೆ ತಿರುಗಿದರು. ಎಲ್ಲರ ಮನೆಯಲ್ಲೂ ಒಬ್ಬೊಬ್ಬರು ಸತ್ತಿದ್ದರು. ಒಂದು ಗಳಿಗೆ, ಬರೀ ಒಂದು ಗಳಿಗೆ, ಊರು ಮಾಯವ್ವನ ಕಡೆ ಇತ್ತು.

ಆಬಾಸಾಹೇಬ ಕೂಗಾಡಲಿಲ್ಲ. ತಲೆ ಬೋಳಿಸಿಕೊಂಡು ಒದ್ದೆ ಪಂಜೆಯಲ್ಲಿ ನಿಂತವನು ಕೈ ಮುಗಿದ. ಕಣ್ಣಲ್ಲಿ ನೀರು ತಂದುಕೊಂಡ.

"ಚೋರ ಆಹೇತ ಹೇ ಲೋಕ," ಅಂದ ಮೊದಲು ಮರಾಠಿಯಲ್ಲಿ. "ಕಳ್ಳರು. ಹಳ್ಳಿಮ್ಯಾಲ ತಿರುಗಿ ಹಳೇ ಧೋತರ ತಂದೇವಿ ಅಂತ ಹೇಳಿ ನನಗ ಕೊಟ್ರು. ಬಡವರು ಅಂತ ಜೋಳಾ ಅಳದು ಕೊಟ್ಟೆ. ಹೆಣದ್ದು ಅಂತ ನನಗೇನು ಗೊತ್ತು? ನಿಮ್ಮ ಅಪ್ಪ ಅವ್ವಗೋಳ ಅರಿವಿ ಮಾರಿ ತಿಂದಾರ. ಇವತ್ತ ನನ್ನ ಅವ್ವನ ಹೆಣದ ಮುಂದ ನನ್ನ ಮ್ಯಾಲ ಹೊರಸಾಕತ್ತಾರ."

ಊರಿಗೆ ಬೇಕಾದದ್ದು ಇದೇ. ಎರಡು ಅಂತಸ್ತಿನ ಮನೆಯವನ ಮೇಲೆ ಸಿಟ್ಟು ಮಾಡುವುದು ಕಷ್ಟ. ನಾಮದೇವನ ಮೇಲೆ ಸುಲಭ.

ಕೈಯಿಂದ ಹೊಡೆಯಲಿಲ್ಲ. ಮುಟ್ಟಿದರೆ ಮೈಲಿಗೆ. ಅವನೇ ಒಟ್ಟಿದ ಕಟ್ಟಿಗೆ ಎಳೆದು ಹೊಡೆದರು. ಹಲ್ಲು ಉದುರಿದವು. ಮಾಯವ್ವ ಅವನ ಮೇಲೆ ಬಿದ್ದಳು, ಅವಳ ಬೆನ್ನಿಗೂ ಬಿತ್ತು. ಅವನು ಅಲುಗಾಡದೆ ಬಿದ್ದ ಮೇಲೆ ಪೋಲೀಸರು ಬಂದು ಹಗ್ಗ ಕಟ್ಟಿ ಎಳೆದುಕೊಂಡು ಹೋದರು. ಚೆಲ್ಲಾಪಿಲ್ಲಿಯಾದ ಕಟ್ಟಿಗೆಯನ್ನು ಊರವರೇ ಮತ್ತೆ ಒಟ್ಟಿದರು. ಸರಿಯಾಗಿ ಒಟ್ಟಲಿಕ್ಕೆ ಯಾರಿಗೂ ಬರಲಿಲ್ಲ. ಹೀರಾಬಾಯಿ ಸಂಜೆಯ ತನಕ ಅರ್ಧ ಬೆಂದು ಮಲಗಿದ್ದಳು.

ಅಷ್ಟರಲ್ಲಿ ಹಿಂದಿನ ಶೆಡ್ಡು ಖಾಲಿಯಾಗಿತ್ತು. ಹಂಡೆ ಇರಲಿಲ್ಲ, ಕೋಲು ಇರಲಿಲ್ಲ. ನೆಲಕ್ಕೆ ಸೆಗಣಿ ಸಾರಿಸಿದ್ದರು.

ಮೂರು ದಿನದ ಮೇಲೆ ಕೃಷ್ಣಾತ ಮಹಾರವಾಡೆಗೆ ಬಂದ. ಈ ಸಲ ಮೂಗಿಗೆ ಟಾವೆಲ್ ಹಿಡಿದಿರಲಿಲ್ಲ.

"ಮಾಯವ್ವಾ," ಅಂದ. ಅವನ ಬಾಯಲ್ಲಿ ಅವಳ ಹೆಸರು ಪೂರ್ತಿ ಬಂದದ್ದು ಅದೇ ಮೊದಲು. "ನಾಳೆ ಕಚೇರ್ಯಾಗ ಒಂದ ಮಾತ ಹೇಳು. ತಪ್ಪಾತು, ಸಾವಕಾರ್ರಿಗೆ ಗೊತ್ತಿರಲಿಲ್ಲ, ನಾವ ಮೋಸ ಮಾಡೇವಿ ಅಂತ. ನಾಮದೇವನ ಬಿಡಿಸಿ ತರೂ ಜವಾಬ್ದಾರಿ ನಂದು. ವರ್ಷಾ ಪೂರ್ತಿ ಜೋಳಾ ಮನಿಗೆ ಬರತೈತಿ."

ಜಗಲಿಯ ಮೇಲೆ ಹಾಲಸಿದ್ದ ಕೂತಿದ್ದ. ನಾಗೂಬಾಯಿ ಕೂತಿದ್ದಳು. ಶೆಡ್ಡು ಮುಚ್ಚಿದ ಮೇಲೆ ಮೂವರೂ ಬರೀ ನೀರು ಕುಡಿದಿದ್ದರು.

"ಜೋಳಾ ಬೇಕಾಗೇತ್ರಿ," ಅಂದಳು ಮಾಯವ್ವ. "ಹೊಟ್ಟಿ ಹಸದೈತಿ. ಮೋಸ ಮಾಡೀನಿ, ಅದೂ ಖರೇನ ಐತಿ. ಗೊತ್ತಾದ ಮ್ಯಾಲೂ ಹದಿನೈದು ದಿನ ಬಂದು ಕುದಿಸೀನಿ. ಅದನ್ನೂ ಹೇಳತೀನಿ. ಆದರ ನಿಮ್ಮ ಸಾವಕಾರ್ರ ಹೆಸರು ಬಿಟ್ಟು ಹೇಳಾಂಗಿಲ್ಲ."

"ಹಟಾ ಮಾಡಬ್ಯಾಡ ಬೇ. ನಿನ್ನ ಗಂಡ ಜೇಲಿನ್ಯಾಗ ಸಾಯತಾನ."

"ಸತ್ತರ ಸುಡಾಕ ಬರತೈತಿ ನನಗ. ಎದ್ದು ಹೋಗ್ರಿ."

ಕಚೇರಿಯಲ್ಲಿ ಅವಳನ್ನು ಮೆಟ್ಟಿಲ ಕೆಳಗೆ ಬಿಸಿಲಲ್ಲಿ ನಿಲ್ಲಿಸಿ ಕೇಳಿದರು. ಅವಳು ಮೊದಲಿನಿಂದ ಕೊನೆಯ ತನಕ ಹೇಳಿದಳು. ಆಬಾಸಾಹೇಬನ ಹೆಸರು ಬಂದಾಗಲೆಲ್ಲ ಕಾರಕೂನ ಟಾಕು ಎತ್ತಿ ಹಿಡಿದ. ಮಾತು ಮುಂದೆ ಹೋದ ಮೇಲೆ ಬರೆದ. ಎರಡೂ ಕೈ ಎತ್ತಿ ತೋರಿಸಿದಳು. ಉಗುರಿಲ್ಲದ ಹತ್ತು ಬೆರಳು. ಅದನ್ನು ಬರೆಯುವ ರೀತಿ ಅವನಿಗೆ ಗೊತ್ತಿರಲಿಲ್ಲ. ಹೆಣದ ಬಟ್ಟೆ ಕದ್ದು ಮಾರಿದ ಅಂತ ನಾಮದೇವನಿಗೆ ಕೊಲ್ಲಾಪುರದ ಜೇಲಿನಲ್ಲಿ ಆರು ತಿಂಗಳ ಶಿಕ್ಷೆ ಆಯಿತು. ಹಾಲಸಿದ್ದ ತನ್ನ ಪಲ್ಟನ್ನಿನ ಸಾಹೇಬನಿಗೆ ಬಲಗೈಯಲ್ಲಿ ಮೂರು ಅರ್ಜಿ ಬರೆದ. ಒಂದಕ್ಕೂ ಉತ್ತರ ಬರಲಿಲ್ಲ.

ಶ್ರಾವಣದಲ್ಲಿ ಲಡಾಯಿ ಮುಗಿಯಿತು. ಊರಲ್ಲಿ ಪೇಡೆ ಹಂಚಿದರು. ಗೋರಾ ಸಾಹೇಬನೊಬ್ಬ ಮೋಟಾರಿನಲ್ಲಿ ಬಂದು, ಲಡಾಯಿಗೆ ಮಾಡಿದ ಸೇವೆಗೆ ಅಂತ ಆಬಾಸಾಹೇಬನಿಗೆ ಚೌಕಟ್ಟು ಹಾಕಿದ ಕಾಗದ ಕೊಟ್ಟ. ಫೇಟಾ ಸುತ್ತಿಸಿ ಮೆರವಣಿಗೆ ಮಾಡಿದರು. ಮೆರವಣಿಗೆ ಮಹಾರವಾಡೆಯ ಮುಂದಿನ ರಸ್ತೆಯಲ್ಲೇ ಹೋಯಿತು. ಹಾಲಸಿದ್ದ ಕೋಟು ಹಾಕಿಕೊಂಡು ಬಂದು ರಸ್ತೆಯ ಪಕ್ಕಕ್ಕೆ ನಿಂತ. ಯಾರೂ ಅವನ ಕಡೆ ನೋಡಲಿಲ್ಲ.

"ಪಲ್ಟನ್ಯಾಗ ನನಗ ಹೊಸಾ ಕೋಟು ಕೊಟ್ರು, ಕೈ ತಗೊಂಡ್ರು," ಅಂದ ಅವನು ಅಕ್ಕನಿಗೆ. "ಅವಗೇನು ಕೊಟ್ಟು ಏನು ತಗೊಂಡ್ರು?"

ಅವತ್ತು ಸಂಜೆ ಮಾಯವ್ವ ವಾಡೆಯವರನ್ನೆಲ್ಲ ಕೂಡಿಸಿದಳು.

"ಇನ್ನ ಮ್ಯಾಲ ಹೆಣದ ಅರಿವಿ ತಗೊಳ್ಳಾಂಗಿಲ್ಲ," ಅಂದಳು. "ಉಡಾಕೂ ಇಲ್ಲ, ಮಾರಾಕೂ ಇಲ್ಲ. ಹೆಣದ ಜೋಡಿ ಸುಡೋದು."

ನಾಗೂಬಾಯಿ ಸಿಟ್ಟಾದಳು. "ಮತ್ತೇನ ಉಡೋಣು? ಬತ್ತಲೆ ತಿರಗೋಣೇನ? ನಮ್ಮ ಹಕ್ಕಿಂದು ಅದು."

"ಹಕ್ಕು ಅಲ್ಲ ಅತ್ತಿ ಅದು. ಅವರು ಒಗದದ್ದು, ನಾವು ಹೆಕ್ಕಿದ್ದು. ಹೆಕ್ಕಾಕ ಬಗ್ಗಿದ್ದಕ್ಕ ಆ ಸಾವಕಾರ ನಮ್ಮ ಬೆನ್ನಮ್ಯಾಲ ಹತ್ತಿದ."

ಜಗಳ ಆಯಿತು. ಇಬ್ಬರು ಎದ್ದು ಹೋದರು. ನಾಗೂಬಾಯಿ ಬೈಯುತ್ತಲೇ ಕೂತಳು, ಆದರೆ ಏಳಲಿಲ್ಲ.

ನಾಲ್ಕು ದಿನದ ಮೇಲೆ ಒಬ್ಬ ಮಗ್ಗದ ಮಾಲೀಕನ ಹೆಣ ಬಂತು. ನಾಮದೇವ ಇನ್ನೂ ಜೇಲಿನಲ್ಲಿದ್ದ, ಕಟ್ಟಿಗೆ ಮಾಯವ್ವನೇ ಒಟ್ಟಿದ್ದಳು. ಮೇಲಿನ ಬಟ್ಟೆ ಎಳೆದು ಮಾಯವ್ವನ ಕಡೆ ಒಗೆದರು. ಅವಳು ಕೋಲಿನ ತುದಿಯಿಂದ ಎತ್ತಿ ಕಟ್ಟಿಗೆಯ ಮೇಲೆ ಹಾಕಿದಳು. ಬೆಂಕಿ ಹಿಡಿಯಿತು. ಒಳ್ಳೆ ಬಟ್ಟೆ. ಊರಲ್ಲಿ ಯಾರಿಗೂ ಸಿಗದ ಬಟ್ಟೆ. ಹೆಣದವರು ಬಾಯಿ ಬಿಟ್ಟು ನೋಡಿದರು. ಮಾಯವ್ವನ ಮೈಮೇಲಿನ ಸೀರೆಯಲ್ಲಿ ಹೆಗಲ ಹತ್ತಿರ ಮೊಳಕೈ ಹೋಗುವಷ್ಟು ತೂತು ಇತ್ತು.

ಮರುದಿನ ಬೆಳಿಗ್ಗೆ ಅವಳು ಸರಕಾರಿ ರೇಷನ್ ಬಟ್ಟೆಯ ಕಂಟ್ರೋಲ್ ಅಂಗಡಿಗೆ ಹೋಗಿ ಸಾಲಲ್ಲಿ ನಿಂತಳು. ಕೈಯಲ್ಲಿ ಬಟ್ಟೆಯ ಕಾರ್ಡು, ಸೆರಗಿನ ಗಂಟಿನಲ್ಲಿ ಹಾಲಸಿದ್ದನ ಪೆನ್ಶನ್ನಿನ ದುಡ್ಡು. ಮಹಾರವಾಡೆಗೂ ಕಾರ್ಡು ಕೊಟ್ಟಿದ್ದರು. ಬಟ್ಟೆ ಕೊಟ್ಟಿರಲಿಲ್ಲ.

"ನೀ ಯಾಕ ಬಂದಿ?" ಅಂದ ಅಂಗಡಿಯವನು. "ನಿಮಗ ಅಲ್ಲೆ ಹೊಳೀದಂಡ್ಯಾಗ ಸಿಗತೈತಲ್ಲ."

"ಈಗ ಸಿಗಾಂಗಿಲ್ರಿ. ಸುಡಾಕತ್ತೇವಿ."

"ಎಲ್ಲಾರ್ದೂ ಮುಗೀಲಿ. ದೂರ ನಿಂದ್ರು."

ಎಲ್ಲರದೂ ಮುಗಿಯಿತು, ಅಂಗಡಿಯೂ ಮುಚ್ಚಿತು. ಎರಡನೇ ದಿನ ನಾಗೂಬಾಯಿ ಬೈಯುತ್ತ ಜೊತೆಗೆ ಬಂದಳು. ಮೂರನೇ ದಿನ ಏಳು ಹೆಂಗಸರು. ಐದನೇ ದಿನ ಮಾಯವ್ವ ದೂರ ನಿಲ್ಲಲಿಲ್ಲ. ಬಾಗಿಲು ತೆರೆಯುವ ಮೊದಲೇ ಮೆಟ್ಟಿಲ ಮೇಲೆ ಕೂತಳು. ಅವಳನ್ನು ದಾಟದೆ ಯಾರೂ ಒಳಗೆ ಹೋಗುವ ಹಾಗಿರಲಿಲ್ಲ. ದಾಟಿದರೆ ಮೈ ತಾಗುತ್ತಿತ್ತು. ಹಿಂದೆ ಸಾಲು ಬೆಳೆಯಿತು. ಅಂಗಡಿಯವನು ಬೈದ. ಪೋಲೀಸರನ್ನು ಕರೆಯುತ್ತೇನೆ ಅಂದ. ಅವಳು ಕಾರ್ಡು ಹಿಡಿದು ಕೂತೇ ಇದ್ದಳು.

"ಕೊಡೋ ಮಾರಾಯಾ ಆಕೀಗಿ," ಅಂದಳು ಸಾಲಲ್ಲಿದ್ದ ಒಬ್ಬ ಮಗ್ಗದವನ ಹೆಂಡತಿ. "ನಮಗೂ ಮನೀ ಐತಿ, ಮಕ್ಕಳ ಅದಾವ. ಎಷ್ಟೊತ್ತು ನಿಂದ್ರೋಣು?"

ಅವನು ಬಟ್ಟೆ ಹರಿದು ನೆಲದ ಮೇಲೆ ಒಗೆದ. ಮಾಯವ್ವ ಬಗ್ಗಲಿಲ್ಲ.

"ನೆಲದಮ್ಯಾಲಿಂದ ಎತ್ತೋದು ಬಿಟ್ಟೀನ್ರಿ. ಕೈಯಾಗ ಕೊಡ್ರಿ."

ಸಾಲೆಲ್ಲ ನೋಡುತ್ತಿತ್ತು. ಅವನು ಬಟ್ಟೆ ಎತ್ತಿ, ಬೆರಳು ತಾಗದಂತೆ ತುದಿ ಹಿಡಿದು, ಅವಳ ಅಂಗೈ ಮೇಲೆ ಇಟ್ಟ. ಇಡುವಾಗ ಬೆರಳು ತಾಗಿತು.

ಮಾಯವ್ವ ಎದ್ದು ಹೋಗಲಿಲ್ಲ. ಅಲ್ಲೇ ಮೆಟ್ಟಿಲ ಮೇಲೆ ಮಡಿಕೆ ಬಿಚ್ಚಿದಳು. ಮೊಳಕೈ ಊರಿ ಒಂದೊಂದೇ ಮೊಳ ಅಳೆದಳು.

"ಅರ್ಧ ಮೊಳ ಕಮ್ಮಿ ಐತ್ರಿ," ಅಂದಳು.

ಮತ್ತೆ ಕೈ ಚಾಚಿದಳು.